ಕುಮಟಾ ಪೇಟೆಯ ನಮ್ಮ ಹಳೆ ಅಂಗಡಿ: ಕೆಡವುವುದಾ, ಉಳಿಸಿಕೊಳ್ಳುವುದಾ?

ಬಂದರುಬೀದಿ

ನಮಸ್ಕಾರ. ಕುಮಟಾದ ಹಳೆ ಪೇಟೆಯಲ್ಲಿ ನಮ್ಮ ಮನೆತನದ್ದೊಂದು ಅಂಗಡಿ ಇದೆ. ಅದನ್ನು ಕೆಡವಬೇಕು ಅಂತ ಒಂದು ಗುಂಪು, ಬೇಡ ಅಂತ ಇನ್ನೊಂದು. ಎರಡನೇ ಗುಂಪಿನಲ್ಲಿ ಸದ್ಯಕ್ಕೆ ನಾನೊಬ್ಬನೇ. ಅಮ್ಮ ಯಾವ ಕಡೆಗೂ ಇಲ್ಲ, "ಮಳೆಗಾಲದೊಳಗೆ ಏನಾದರೂ ಮಾಡಿ" ಅನ್ನುತ್ತಾಳೆ ಅಷ್ಟೇ. ಹಳೆ ಕಟ್ಟಡ ಗೊತ್ತಿದ್ದವರು ದಾರಿ ಹೇಳಿ.

ಅಜ್ಜನ ಕಾಲದಲ್ಲಿ ಅದು ಅಡಿಕೆ, ಕೊಬ್ಬರಿ ವಖಾರಿ, ಅಂದರೆ ಗೋದಾಮು. ಅಪ್ಪ ಕಿರಾಣಿ ಅಂಗಡಿ ಮಾಡಿದರು. ಅಡಿಕೆ ವ್ಯಾಪಾರವೆಲ್ಲ ಎಪಿಎಂಸಿ ಯಾರ್ಡಿಗೆ ಹೋಯಿತು, ಕಿರಾಣಿ ಗಿರಾಕಿಗಳು ಬಸ್ ಸ್ಟ್ಯಾಂಡ್ ಕಡೆಗೆ ಹೋದರು. ಈಗ ಮುಂದಿನ ಕೋಣೆಯಲ್ಲಿ ಒಬ್ಬರು ದರ್ಜಿ ಬಾಡಿಗೆಗೆ ಇದ್ದಾರೆ. ಹಿಂದೆಲ್ಲ ಖಾಲಿ. ನಾನು ಇರುವುದು ಹುಬ್ಬಳ್ಳಿಯಲ್ಲಿ. ಊರಿನಲ್ಲಿರುವ ಚಿಕ್ಕಪ್ಪನ ಮಗ ಕೆಡವಿ ಮೂರು ಮಹಡಿ ಎಬ್ಬಿಸೋಣ, ಕೆಳಗೆ ಎರಡು ಅಂಗಡಿ, ಮೇಲೆ ಆಫೀಸು ಅನ್ನುತ್ತಾನೆ. ಅವನ ಮಾತು ತಪ್ಪು ಅಂತ ಹೇಳಲು ನನ್ನ ಹತ್ತಿರ ಲೆಕ್ಕ ಇಲ್ಲ.

ಕಟ್ಟಡದ ವಿಷಯ. ಬೀದಿಯ ಕಡೆ ಮುಖ 16 ಅಡಿ ಮಾತ್ರ, ಉದ್ದ 90 ಅಡಿ. ಮುಂದೆ ಜಗಲಿ. ಅದಕ್ಕೆ ಹತ್ತಲು ಎರಡು ಕಲ್ಲಿನ ಮೆಟ್ಟಿಲಿತ್ತು ಅಂತ ಅಪ್ಪ ಹೇಳುತ್ತಿದ್ದರು. ನಾನು ನೋಡಿದ್ದು ಒಂದೇ. ಡಾಂಬರಿನ ಮೇಲೆ ಡಾಂಬರು ಬಿದ್ದು ಆ ಒಂದರಲ್ಲೂ ಈಗ ಅರ್ಧ ಮಾತ್ರ ಮೇಲಿದೆ. ಬಾಗಿಲು ಅಂದರೆ ಹಲಗೆ ಬಾಗಿಲು: ಒಂದೊಂದೇ ಹಲಗೆಯನ್ನು ತೋಡಿಗೆ ಸೇರಿಸಿ ಸರಿಸುವುದು, ಕೊನೆಯದಕ್ಕೆ ಕಬ್ಬಿಣದ ಪಟ್ಟಿ ಅಡ್ಡ ಹಾಕಿ ಬೀಗ. ಹಲಗೆಗಳ ಒಳಬದಿಯಲ್ಲಿ ಉಳಿಯಿಂದ ಗೀರಿದ ಗುರುತುಗಳಿವೆ. ಒಂದು ಗೀರು, ಎರಡು ಗೀರು, ಹೀಗೆ. ಕ್ರಮ ತಪ್ಪಿದರೆ ಕೊನೆಯ ಹಲಗೆ ಕೂರುವುದಿಲ್ಲ. ಸಣ್ಣವನಿದ್ದಾಗ ಇದರಿಂದ ಬೈಸಿಕೊಂಡದ್ದು ಬಹಳ.

ಅಂಗಡಿಯ ಹಿಂದೆ ಕತ್ತಲೆಯ ವಖಾರಿ. ಅದರ ಹಿಂದೆ ಅಂಗಳ, ಬಾವಿ, ಒಂದು ಅಡುಗೆಕೋಣೆ. ಮೇಲೆ ಅಟ್ಟ, ಅಟ್ಟದ ಬೀದಿ ಬದಿಗೆ ಮರದ ಸರಳು. ಗೋಡೆ ಚಿರೆಕಲ್ಲಿನದು (ಜಂಬಿಟ್ಟಿಗೆ), ಒಂದೂಮುಕ್ಕಾಲು ಅಡಿ ದಪ್ಪ. ಮಾಡಿಗೆ, ಅಂದರೆ ಸೂರಿಗೆ, ಮಂಗಳೂರು ಹಂಚು. ಮುಂಭಾಗದಲ್ಲಿ ಮಾತ್ರ ಒಂದು ಕಬ್ಬಿಣದ ಗರ್ಡರ್ ಇದೆ, ಅದರ ಮೈಮೇಲೆ ಇಂಗ್ಲಿಷ್ ಅಕ್ಷರಗಳು ಉಬ್ಬಿಕೊಂಡಿವೆ. ಬಣ್ಣ ಕೆರೆದು ನೋಡಿದೆ, "ಡಾರ್ಮನ್ ಲಾಂಗ್" ಅಂತ ಓದಲು ಬಂತು.

ತೊಂದರೆಗಳು: ಎಡಗೋಡೆ ಪ್ರತಿ ಮಳೆಗಾಲ ಉಬ್ಬಿ ಬಣ್ಣ ಉದುರಿಸುತ್ತದೆ. ಅಪ್ಪ ಇದ್ದಾಗಲೇ ಸೊಂಟದೆತ್ತರಕ್ಕೆ ಸಿಮೆಂಟ್ ಗಿಲಾವು ಮಾಡಿಸಿದ್ದರು, ಈಗ ಅದರ ಮೇಲಿನ ಭಾಗವೂ ಒದ್ದೆ. ಬಲಗಡೆ ಪಕ್ಕದವರು ಆರ್‌ಸಿಸಿ ಕಟ್ಟಡ ಎಬ್ಬಿಸಿದ ಮೇಲೆ ಎರಡು ಕಟ್ಟಡ ಕೂಡುವಲ್ಲಿ ನೀರು ಸುರಿಯುತ್ತದೆ. ಒಂದು ತೊಲೆಗೆ ಒರಲೆ (ಗೆದ್ದಲು) ಹಿಡಿದಿದೆ ಅಂತ ಅನುಮಾನ.

ಈ ಕಟ್ಟಡ ಎಷ್ಟು ಹಳೆಯದು? ಉಳಿಸುವಂಥದ್ದು ಇದರಲ್ಲಿ ಏನಾದರೂ ಇದೆಯಾ, ಅಥವಾ ಇದು ನನ್ನ ಭಾವುಕತೆಯಾ?

ಹಳೇ ಮೇಸ್ತ್ರಿ

ನಾನು ಹೊನ್ನಾವರ ಕಡೆಯವನು. ಕಟ್ಟಡದ ಕಾಂಟ್ರ್ಯಾಕ್ಟ್ ಬಿಟ್ಟು ಮನೆಯಲ್ಲಿ ಕೂತಿದ್ದೇನೆ, ಹಾಗಾಗಿ ಬರೆಯಲು ಪುರುಸೊತ್ತು ಇದೆ. ಆರ್‌ಸಿಸಿಯನ್ನೂ ಬೇಕಾದಷ್ಟು ಕಟ್ಟಿದ್ದೇನೆ, ಚಿರೆಕಲ್ಲಿನ ಮನೆಗಳನ್ನೂ ಬಿಚ್ಚಿ ಕಟ್ಟಿದ್ದೇನೆ. ಎರಡರ ಮೇಲೂ ದ್ವೇಷವಿಲ್ಲ.

ಮೊದಲು ಗೋಡೆ. ನಿಮ್ಮ ಗೋಡೆಗೆ ರೋಗ ಬಂದದ್ದು ರಸ್ತೆಯಿಂದ. ಜಗಲಿ ಎರಡು ಮೆಟ್ಟಿಲು ಎತ್ತರ ಇದ್ದದ್ದು ಗಿರಾಕಿ ಕೂರಲಿ ಅಂತ ಮಾತ್ರ ಅಲ್ಲ. ನಮ್ಮ ಕರಾವಳಿಯಲ್ಲಿ ವರ್ಷಕ್ಕೆ 3,000 ಮಿ.ಮೀ. ಮೀರಿ ಮಳೆ ಬೀಳುತ್ತದೆ, ಅದರಲ್ಲಿ ಹೆಚ್ಚಿನದು ನಾಲ್ಕೇ ತಿಂಗಳಲ್ಲಿ. ಬೀದಿಯೇ ಹೊಳೆಯಾದರೂ ಒಳಗಿನ ಮೂಟೆ ಒದ್ದೆಯಾಗಬಾರದು ಅಂತ ಆ ಎತ್ತರ. ರಸ್ತೆ ಒಂದೂವರೆ ಮೆಟ್ಟಿಲು ನುಂಗಿದೆ ಅಂದರೆ ನಿಮ್ಮ ಪಂಚಾಂಗದ (ಗೋಡೆಯ ಬುಡದ ಕಟ್ಟೆಯ) ಕಲ್ಲು ಈಗ ನೆಲದೊಳಗೆ ಹೋಗಿದೆ. ಚರಂಡಿ ನೀರು ಗೋಡೆಗೆ ತಾಗಿ ನಿಲ್ಲುತ್ತದೆ.

ಚಿರೆಕಲ್ಲು ತೂತು ತೂತು ಇರುವ ಕಲ್ಲು. ನೀರು ಕುಡಿಯುತ್ತದೆ, ಬಿಸಿಲು ಬಂದಾಗ ಬಿಡುತ್ತದೆ. ಮೊದಲಿದ್ದ ಸುಣ್ಣದ ಗಿಲಾವು ಈ ನೀರನ್ನು ಹೊರಗೆ ಬಿಡುತ್ತಿತ್ತು. ಸಿಮೆಂಟ್ ಬಿಡುವುದಿಲ್ಲ. ಸೊಂಟದ ತನಕ ಸಿಮೆಂಟ್ ಹಾಕಿದರೆ ನೀರಿಗೆ ಅಲ್ಲಿ ದಾರಿ ಇಲ್ಲ, ಒಳಗೊಳಗೇ ಮೇಲೆ ಹತ್ತಿ ಸಿಮೆಂಟ್ ಮುಗಿದಲ್ಲಿ ಹೊರಗೆ ಬರುತ್ತದೆ. ನೋಡಿ ಬೇಕಾದರೆ, ಸಿಮೆಂಟಿನ ಗೆರೆಯ ಮೇಲೆಯೇ ಬಿಳಿ ಪುಡಿ ಇರುತ್ತದೆ. ಅದು ಉಪ್ಪು. ಸಮುದ್ರ ಹತ್ತಿರ ಇರುವ ಪೇಟೆಗಳಲ್ಲಿ ಇದು ಇನ್ನೂ ಜಾಸ್ತಿ. ಅದರ ಮೇಲೆ ವಾಟರ್‌ಪ್ರೂಫ್ ಬಣ್ಣ ಹೊಡೆಯಿರಿ ಅಂತ ಯಾರಾದರೂ ಹೇಳಿದರೆ ಅವರನ್ನು ಜಗಲಿಯಿಂದ ಕೆಳಗಿಳಿಸಿ.

ಮದ್ದು ದೊಡ್ಡದೇನಲ್ಲ. ಸಿಮೆಂಟ್ ಗಿಲಾವನ್ನು ಕಲ್ಲಿನ ತನಕ ಕೆತ್ತಿಸಿ ತೆಗೆಸಿ. ಒಂದು ಬೇಸಿಗೆ ಗೋಡೆ ಬರಿಮೈಯಲ್ಲಿ ಒಣಗಲಿ. ಆಮೇಲೆ ಸುಣ್ಣ. ನಮ್ಮಲ್ಲಿ ಮೊದಲು ಚಿಪ್ಪಿನ ಸುಣ್ಣವೇ ಇತ್ತು. ಅಳಿವೆಯ ಬದಿ ಚಿಪ್ಪು ರಾಶಿ ಹಾಕಿ ಭಟ್ಟಿಯಲ್ಲಿ ಸುಡುತ್ತಿದ್ದರು. ಸುಣ್ಣವನ್ನು ನೀರಿನಲ್ಲಿ ವಾರಗಟ್ಟಲೆ ಕೊಳೆಹಾಕಿ, ಒಂದು ಪಾಲಿಗೆ ಮೂರು ಪಾಲು ಮರಳು ಸೇರಿಸಿ, ಬೆಲ್ಲದ ನೀರು ಹಾಕಿ ಅರೆಯುವುದು. ಇದು ಸಿಮೆಂಟಿನ ಹಾಗೆ ರಾತ್ರಿ ಬೆಳಗಾಗುವುದರೊಳಗೆ ಗಟ್ಟಿಯಾಗುವುದಿಲ್ಲ. ಗಾಳಿ ಹೀರಿಕೊಂಡು ನಿಧಾನ ಗಟ್ಟಿಯಾಗುತ್ತದೆ. ಅದಕ್ಕೇ ಈ ಕೆಲಸ ದೀಪಾವಳಿ ಕಳೆದ ಮೇಲೆ ಹಿಡಿಯಬೇಕು, ಮೇ ತಿಂಗಳಲ್ಲಿ ಗಡಿಬಿಡಿ ಮಾಡಬಾರದು. ನಿಮ್ಮ ಅಮ್ಮನಿಗೆ ಹೇಳಿ, ಈ ಮಳೆಗಾಲಕ್ಕೆ ತಾಡಪಾಲು ಸಾಕು.

ಹೊರಗೆ ಗೋಡೆಯ ಬುಡದಲ್ಲಿ ಒಂದು ಅಡಿ ಅಗಲ ಅಗೆಸಿ, ಜಲ್ಲಿ ತುಂಬಿ, ನೀರು ಚರಂಡಿಗೆ ಹೋಗುವ ಹಾಗೆ ಮಾಡಿಸಿ. ಪುರಸಭೆಯವರನ್ನು ಕೇಳಿಯೇ ಮಾಡಿ, ಅದು ರಸ್ತೆಯ ಅಂಚು.

ತೊಲೆ. ನಡುಭಾಗ ಗಟ್ಟಿ ಇದೆ ಅಂತ ಸಮಾಧಾನ ಪಡಬೇಡಿ. ಮೊದಲು ಹಾಳಾಗುವುದು ಗೋಡೆಯೊಳಗೆ ಹೊಕ್ಕಿರುವ ತುದಿ. ಸ್ಕ್ರೂಡ್ರೈವರ್ ಒತ್ತಿ ನೋಡಿ. ಕಾಲಿಂಚು ಕೂಡ ಹೋಗದಿದ್ದರೆ ಆ ತೊಲೆ ನಮ್ಮಿಬ್ಬರಿಗಿಂತ ಹೆಚ್ಚು ಬಾಳುತ್ತದೆ. ಬೆಣ್ಣೆಗೆ ಹೋದ ಹಾಗೆ ಹೋದರೆ ಆ ತುದಿಯನ್ನಷ್ಟೇ ಕತ್ತರಿಸಿ ಹೊಸ ಮರ ಜೋಡಿಸಿ ಬೋಲ್ಟ್ ಹಾಕಬಹುದು. ಒಳ್ಳೆ ಬಡಗಿ ಬೇಕು. ಇಡೀ ತೊಲೆ ತೆಗೆಯಿರಿ ಅನ್ನುವವರ ಕಣ್ಣು ಸಾಮಾನ್ಯವಾಗಿ ನಿಮ್ಮ ಸಾಗವಾನಿಯ ಮೇಲಿರುತ್ತದೆ!

ವಯಸ್ಸು ತಿಳಿಯಬೇಕಾದರೆ ಹಂಚು ಮಗುಚಿ ನೋಡಿ. ಅಡಿಭಾಗದಲ್ಲಿ ಕಾರ್ಖಾನೆಯ ಹೆಸರಿರುತ್ತದೆ. ಏನಿದೆ ಅಂತ ಬರೆಯಿರಿ, ಮುಂದಿನದು ಹೇಳುತ್ತೇನೆ.

ಎರೆಹೊಲ

ಗದಗಿನವ ನಾನು. ಕಟ್ಟಡದ ಬಗ್ಗೆ ಮೇಸ್ತ್ರಿಯವರು ಹೇಳಿದ್ದಾರೆ, ನಾನು ಪೇಟೆಯ ಬಗ್ಗೆ ನಾಲ್ಕು ಮಾತು ಸೇರಿಸುತ್ತೇನೆ. ಯಾಕಂದರೆ ನಿಮ್ಮ ಪೇಟೆ ಅಷ್ಟು ದೊಡ್ಡದಾಗಲು ನಮ್ಮ ಹೊಲಗಳೂ ಕಾರಣರೀ.

ಧಾರವಾಡ ಸೀಮೆಯ ಕಪ್ಪು ಭೂಮಿಯಲ್ಲಿ ಬೆಳೆಯುತ್ತಿದ್ದ ನಾಟಿ ಹತ್ತಿಗೆ ಮುಂಬಯಿ ಮಾರುಕಟ್ಟೆಯಲ್ಲಿ "ಕುಮಟಾ ಹತ್ತಿ" ಅಂತಲೇ ಹೆಸರು. ಕುಮಟಾದಲ್ಲಿ ಒಂದು ಹತ್ತಿ ಗಿಡ ಇಲ್ಲದಿದ್ದರೂ ಸೈ. ಹಡಗು ಹತ್ತುತ್ತಿದ್ದದ್ದು ಅಲ್ಲಿ, ಅದಕ್ಕೆ. ನಮ್ಮ ಕಡೆ ಹಿರಿಯರು ಬಿತ್ತುತ್ತಿದ್ದ ಜಯಧರ ಹತ್ತಿಯೂ ಆ ವಂಶದ್ದೇ.

ಹುಬ್ಬಳ್ಳಿ, ಧಾರವಾಡದಿಂದ ಹತ್ತಿ ಅಂಡಿಗೆಗಳು ಎತ್ತಿನ ಮೇಲೆ, ಆಮೇಲೆ ಗಾಡಿಗಳಲ್ಲಿ ಶಿರಸಿಗೆ ಬಂದು, ದೇವಿಮನೆ ಘಟ್ಟ ಇಳಿದು ಕುಮಟಾ ಸೇರುತ್ತಿದ್ದವು. ಅಲ್ಲಿಂದ ಪತ್ತೆಮಾರಿ ಅನ್ನುವ ಹಾಯಿಹಡಗುಗಳಲ್ಲಿ ಮುಂಬಯಿಗೆ. ಅಮೆರಿಕದ ಅಂತರ್ಯುದ್ಧ ನಡೆದ 1861ರಿಂದ 1865ರವರೆಗೆ ಇಂಗ್ಲೆಂಡಿನ ಗಿರಣಿಗಳಿಗೆ ಅಲ್ಲಿನ ಹತ್ತಿ ಸಿಗಲಿಲ್ಲ. ನಮ್ಮ ಹತ್ತಿಗೆ ಬಂಗಾರದ ಬೆಲೆ ಬಂತು. ಮದ್ರಾಸ್ ಪ್ರಾಂತ್ಯದಲ್ಲಿದ್ದ ಉತ್ತರ ಕನ್ನಡವನ್ನು 1862ರಲ್ಲಿ ಮುಂಬಯಿ ಪ್ರಾಂತ್ಯಕ್ಕೆ ಸೇರಿಸಿದ್ದರ ಹಿಂದೆಯೂ ಈ ಹತ್ತಿಯ, ಬಂದರಿನ ಲೆಕ್ಕಾಚಾರವೇ ಇತ್ತು. ಕಾರವಾರದಲ್ಲಿ ದೊಡ್ಡ ಬಂದರು ಮಾಡುವ ಆಸೆ ಅವರಿಗೆ. ಯುದ್ಧ ಮುಗಿದದ್ದೇ ತಡ, ಬೆಲೆ ಬಿತ್ತು. ಮುಂಬಯಿಯಲ್ಲೇ ದೊಡ್ಡ ದೊಡ್ಡವರು ಮುಳುಗಿದರು. ಆದರೂ ಕುಮಟಾದ ವ್ಯಾಪಾರ ನಡೆದೇ ಇತ್ತು. ಅದಕ್ಕೆ ನಿಜವಾದ ಪೆಟ್ಟು ಕೊಟ್ಟದ್ದು ರೈಲು. 1880ರ ದಶಕದ ಕೊನೆಗೆ ಹುಬ್ಬಳ್ಳಿ, ಲೋಂಡಾ ಮೇಲೆ ಮಾರ್ಮಗೋವಾ ಬಂದರಿಗೆ ರೈಲು ಓಡಿತು. ಘಟ್ಟ ಇಳಿಯುವ ಕೆಲಸವೇ ಹತ್ತಿಗೆ ಉಳಿಯಲಿಲ್ಲ. ಕುಮಟಾಕ್ಕೆ ರೈಲು ಬರಲು ಕೊಂಕಣ ರೈಲ್ವೆಯ ತನಕ, ಅಂದರೆ 1990ರ ದಶಕದ ತನಕ ಕಾಯಬೇಕಾಯಿತು. ಅದೂ ಪೇಟೆಯ ಹೊರಗೆ.

ನಿಮ್ಮ ಅಂಗಡಿಯ ಮುಖ 16 ಅಡಿ, ಉದ್ದ 90 ಅಂದಿರಲ್ಲ. ನನಗೆ ಅನ್ನಿಸುವುದು ಹೀಗೆ. ಕುಮಟಾದಲ್ಲಿ ಹಡಗು ದಡಕ್ಕೆ ಬರುವ ಹಾಗಿರಲಿಲ್ಲ, ಸಮುದ್ರದಲ್ಲಿ ದೂರ ಲಂಗರು ಹಾಕಿ ದೋಣಿಯಲ್ಲಿ ಸರಕು ಸಾಗಿಸುವುದು. ಮಳೆಗಾಲದಲ್ಲಿ ಅದೂ ಬಂದ್. ಆ ನಾಲ್ಕು ತಿಂಗಳು ಉಳಿದ ಸರಕು ಎಲ್ಲಿಡಬೇಕು? ಮುಖ ಸಣ್ಣದಿದ್ದರೆ ನಡೆಯುತ್ತದೆ, ಬೀದಿಯ ಬದಿ ಎಲ್ಲರಿಗೂ ಜಾಗ ಬೇಕು. ಹೊಟ್ಟೆ ಮಾತ್ರ ದೊಡ್ಡದಿರಲೇಬೇಕು. ನಿಮ್ಮ ಕತ್ತಲೆಯ ವಖಾರಿಯೇ ಆ ಕಾಲದಲ್ಲಿ ನಿಜವಾದ ಅಂಗಡಿ. ಮುಂದಿನದು ಮಾತಾಡುವ ಜಾಗ.

ಕುಂದಾಪುರದ ಗಲ್ಲಾಪೆಟ್ಟಿಗೆ

ಎಲ್ಲರೂ ಚಂದ ಬರೆದಿದ್ದೀರಿ. ಈಗ ಅಂಥ ಕಟ್ಟಡದಲ್ಲಿ ಕೂತು ವ್ಯಾಪಾರ ಮಾಡಿದವನ ಮಾತೂ ಕೇಳಿ ಮಾರಾಯ್ರೆ. ನಮ್ಮದೂ ಹಂಚಿನ ಮಾಡಿನ ಅಂಗಡಿಯೇ ಆಗಿತ್ತು. ನಾನು ಕೆಡವಿದೆ. ಬೇಜಾರಿಲ್ಲ.

ಒಂದು, ಮಂಗ. ಮಾಡಿನ ಮೇಲೆ ಅವು ಓಡಿದರೆ ವರ್ಷಕ್ಕೆ ಎಷ್ಟು ಹಂಚು ಹೋಗುತ್ತದೆ ಅಂತ ಇತಿಹಾಸ ಬರೆಯುವವರು ಹೇಳುವುದಿಲ್ಲ. ಎರಡು, ಕಳ್ಳ. "ಹಂಚು ತೆಗೆದು ಒಳನುಗ್ಗಿದ ಕಳ್ಳರು" ಅಂತ ಪೇಪರಿನಲ್ಲಿ ಓದುತ್ತೀರಲ್ಲ, ಅದು ನಮ್ಮಂಥವರ ಕತೆ. ಮೂರು, ಹಂಚು ಹೊದೆಸುವ ಜನ. ಮಾಡಿನ ಮೇಲೆ ಹತ್ತಿ ಒಂದು ಹಂಚೂ ಒಡೆಯದೆ ನಡೆಯುವವರು ಈಗ ಸಿಗುವುದೇ ಕಷ್ಟ, ಸಿಕ್ಕರೆ ಅವರು ಹೇಳಿದ್ದೇ ಕೂಲಿ. ನಾಲ್ಕು, ಬಾಡಿಗೆ. ಹಲಗೆ ಬಾಗಿಲಿನ ಅಂಗಡಿಗೆ ಮೊಬೈಲ್ ಶೋರೂಮಿನವರು ಬರುವುದಿಲ್ಲ. ಅವರಿಗೆ ಗಾಜು ಬೇಕು, ಎಸಿ ಬೇಕು.

ನಿಮ್ಮ ಚಿಕ್ಕಪ್ಪನ ಮಗ ಖಳನಾಯಕ ಅಲ್ಲ. ಅವನು ಊರಿನಲ್ಲಿದ್ದಾನೆ, ಜೂನ್ ತಿಂಗಳ ರಾತ್ರಿ ಬಕೆಟ್ ಇಡುವವನು ಅವನೇ. ಹುಬ್ಬಳ್ಳಿಯಲ್ಲಿ ಕೂತು ಜಗಲಿ ಚಂದ ಅನ್ನುವುದು ಸುಲಭ.

ಬಂದರುಬೀದಿ

ಗಲ್ಲಾಪೆಟ್ಟಿಗೆಯವರೇ, ಬಕೆಟ್ ಮಾತು ತಾಗಿತು. ಅದು ನಿಜ. ಅವನೇ ಇಡುವುದು.

ಮೇಸ್ತ್ರಿಯವರೇ, ಶನಿವಾರ ಊರಿಗೆ ಹೋಗಿ ಹಂಚು ನೋಡಿದೆ. ಮುಂದಿನ ಇಳಿಜಾರಿನಲ್ಲಿ ಹೆಚ್ಚಿನವು "ಕಾಮನ್‌ವೆಲ್ತ್". ಹಿಂದೆ ಅಡುಗೆಕೋಣೆಯ ಮೇಲೆ "ಬಾಸೆಲ್ ಮಿಷನ್" ಇವೆ, ಕೆಲವದರ ಮೇಲೆ 1865 ಅಂತ ಇಸವಿಯೂ ಇದೆ. ನಡುವೆ ಅಲ್ಲಲ್ಲಿ ಹೆಸರೇ ಇಲ್ಲದ ಹೊಸ ಹಂಚು. ಹಾಗಾದರೆ ಇದು 1865ರ ಕಟ್ಟಡವಾ? ಎರೆಹೊಲದವರು ಹೇಳಿದ ಹತ್ತಿಯ ಕಾಲದ್ದೇ? ಕೇಳಿದ ಮೇಲೆ ನಿದ್ದೆ ಬಂದಿಲ್ಲ.

ಇನ್ನೊಂದು ಸಿಕ್ಕಿತು. ಅಂಗಳದ ಕಡೆಯ ಗೋಡೆಯಲ್ಲಿ ಬಣ್ಣ ಉದುರಿದ ಕಡೆ ಕೆಮ್ಮಣ್ಣಿನ ಬಣ್ಣದ ಬಳ್ಳಿ, ಹೂವು ಕಾಣಿಸುತ್ತದೆ. ಕುಂಚದಿಂದ ಬರೆದದ್ದಲ್ಲ, ಕೆರೆದು ಮಾಡಿದ ಹಾಗಿದೆ. ಅಮ್ಮ "ಅದು ಮೊದಲಿನಿಂದಲೂ ಇತ್ತು" ಅಂದಳು. ಯಾರೂ ನನಗೆ ಹೇಳಿರಲಿಲ್ಲ!

ಸ್ಕ್ರೂಡ್ರೈವರ್ ಪರೀಕ್ಷೆಯೂ ಆಯಿತು. ಒಂದು ತೊಲೆಯ ಬಲತುದಿ ಪೂರ್ತಿ ಪುಡಿ. ಉಳಿದವು ಕಲ್ಲು.

ಹಳೇ ಮೇಸ್ತ್ರಿ

ನಿದ್ದೆ ಮಾಡಿ. 1865 ಅನ್ನುವುದು ಸ್ವಿಟ್ಜರ್ಲೆಂಡಿನ ಕ್ರೈಸ್ತ ಸಂಸ್ಥೆ ಬಾಸೆಲ್ ಮಿಷನ್‌ನವರು ಮಂಗಳೂರಿನಲ್ಲಿ ಹಂಚಿನ ಕಾರ್ಖಾನೆ ಶುರು ಮಾಡಿದ ಇಸವಿ. ಜಾರ್ಜ್ ಪ್ಲೆಬ್ಸ್ಟ್ ಅನ್ನುವ ಮಿಷನರಿ ನೇತ್ರಾವತಿಯ ಬದಿ, ಜೆಪ್ಪುವಿನಲ್ಲಿ ಮಾಡಿದ್ದು. ಆಮೇಲೆ ಬಂದ ಹಂಚಿನ ಮೇಲೂ ಅದನ್ನೇ ಅಚ್ಚು ಹಾಕುತ್ತಿದ್ದರು. ಈ ಇಸವಿ ನೋಡಿ "ನಮ್ಮ ಮನೆ 1865ರದ್ದು" ಅಂತ ಬೋರ್ಡ್ ಬರೆಸಿದವರೂ ಇದ್ದಾರೆ.

ಆದರೆ ಹೆಸರಿನಿಂದ ಬೇರೆ ವಿಷಯ ತಿಳಿಯುತ್ತದೆ. ಮೊದಲ ಮಹಾಯುದ್ಧದಲ್ಲಿ ಬ್ರಿಟಿಷ್ ಸರ್ಕಾರ ಮಿಷನ್‌ನ ಕಾರ್ಖಾನೆಗಳನ್ನು ಕಿತ್ತುಕೊಂಡಿತು, ಜರ್ಮನರ ನಂಟು ಅಂತ. ಆಮೇಲೆ ಅವು ಕಾಮನ್‌ವೆಲ್ತ್ ಟ್ರಸ್ಟಿನ ಕೈಗೆ ಹೋದವು. ಹಾಗಾಗಿ ಬಾಸೆಲ್ ಮಿಷನ್ ಹೆಸರಿನ ಹಂಚು ಯುದ್ಧಕ್ಕಿಂತ ಮೊದಲಿನದು, ಕಾಮನ್‌ವೆಲ್ತ್ ಆಮೇಲಿನದು. ನಿಮ್ಮ ಹಿಂದಿನ ಮಾಡು ಹಳೆಯದು. ಮುಂದಿನದನ್ನು ಯುದ್ಧದ ನಂತರ ಯಾವಾಗಲೋ ಬಿಚ್ಚಿ ಮತ್ತೆ ಹೊದೆಸಿದ್ದಾರೆ. ನಿಮ್ಮ ಗರ್ಡರ್ ಕೂಡ ಇದಕ್ಕೇ ಕೂಡುತ್ತದೆ. ಡಾರ್ಮನ್ ಲಾಂಗ್ ಇಂಗ್ಲೆಂಡಿನ ಉಕ್ಕಿನ ಕಂಪನಿ, ಸಿಡ್ನಿಯ ದೊಡ್ಡ ಸೇತುವೆ ಕಟ್ಟಿದವರು. ಮೊದಲು ನಿಮ್ಮ ಜಗಲಿಗೆ ಮರದ ಕಂಬಗಳಿದ್ದಿರಬೇಕು. ಯಾರೋ ಹಿರಿಯರು ಕೈಯಲ್ಲಿ ಕಾಸು ಬಂದಾಗ ಕಂಬ ತೆಗೆಸಿ, ಗರ್ಡರ್ ಹಾಕಿಸಿ, ಅಂಗಡಿಯ ಮುಖ ಪೂರ್ತಿ ತೆರೆದುಕೊಂಡಿದ್ದಾರೆ. ಅದೇ ಹೊತ್ತಿಗೆ ಮಾಡನ್ನೂ ಹೊಸದು ಮಾಡಿರುತ್ತಾರೆ. ಗರ್ಡರಿನ ಎರಡೂ ತುದಿಯಲ್ಲಿ ನೆಲದ ಕಲ್ಲು ನೋಡಿ, ಹಳೆ ಕಂಬದ ಗುಳಿ ಸಿಗಬಹುದು.

ನನಗೆ ಇದು ಮುಖ್ಯ ಅನ್ನಿಸುವುದು ಯಾಕೆ ಅಂದರೆ, ನಿಮ್ಮ ಮನೆಯವರು ಆಗಲೇ ಒಮ್ಮೆ ಈ ಕಟ್ಟಡವನ್ನು ಕಾಲಕ್ಕೆ ತಕ್ಕಂತೆ ಬದಲಿಸಿದ್ದಾರೆ. ಇಂಗ್ಲೆಂಡಿನ ಕಬ್ಬಿಣ ಹಾಕಿದರೂ ಕಟ್ಟಡ ಕೆಡಲಿಲ್ಲ. ಹಾಗೆಯೇ ನೀವೂ ಬದಲಿಸಿ. ಒಂದು ಮೊಳೆಯನ್ನೂ ಮುಟ್ಟಬಾರದು ಅನ್ನುವ ಪೈಕಿ ನಾನಲ್ಲ.

ಆ ಗೋಡೆಯ ಹೂಬಳ್ಳಿ ಕಾವಿ ಕಲೆ. ಸುಣ್ಣದ ಗಿಲಾವಿನ ಮೇಲೆ ಕೆಮ್ಮಣ್ಣಿನ ಪದರ ಹಾಕಿ, ಹಸಿ ಇರುವಾಗಲೇ ಮೊನೆಯಿಂದ ಕೆರೆದು ಕೆಳಗಿನ ಬಿಳಿ ತೋರಿಸುವುದು. ಗೋವಾದಿಂದ ನಮ್ಮ ಕಡೆಯ ತನಕ ಗುಡಿಗಳ ಗೋಡೆಯಲ್ಲಿ ನೋಡಿರುತ್ತೀರಿ, ಈಗ ಅಲ್ಲೂ ಆಯಿಲ್ ಪೇಂಟ್ ಬಂದು ಬಹಳಷ್ಟು ಮುಚ್ಚಿಹೋಗಿದೆ. ಆ ಗೋಡೆಯನ್ನು ಯಾರೂ ತೊಳೆಯಬಾರದು, ಉಜ್ಜಬಾರದು. ಸುಣ್ಣದ ಕೆಲಸದವರಿಗೂ ಕೊಡಬೇಡಿ. ಅದಕ್ಕೆ ಬೇರೆ ಜನ ಇದ್ದಾರೆ.

ಗಲ್ಲಾಪೆಟ್ಟಿಗೆಯವರು ಹೇಳಿದ ನಾಲ್ಕೂ ನಿಜ. ಮಂಗನಿಗೆ ಮದ್ದಿಲ್ಲ, ಒಂದು ಮೂಲೆಯಲ್ಲಿ ಹಂಚು ಪೇರಿಸಿಟ್ಟಿರಬೇಕು ಅಷ್ಟೇ. ನೀವು ಬಿಚ್ಚಿಸುವಾಗ ಪಕ್ಕದ ಬೀದಿಯಲ್ಲಿ ಯಾರಾದರೂ ಕೆಡವುತ್ತಿದ್ದರೆ ಅವರ ಹಳೆ ಹಂಚು ಕೊಂಡಿಟ್ಟುಕೊಳ್ಳಿ. ಕಳ್ಳನಿಗೆ ರೀಪಿನ ಕೆಳಗೆ ಕಬ್ಬಿಣದ ಜಾಳಿಗೆ ಹೊಡೆಸಿದರೆ ಸಾಕು, ಕೆಳಗಿನಿಂದ ಕಾಣುವುದೂ ಇಲ್ಲ. ಆದರೆ ಆರ್‌ಸಿಸಿಗೆ ಸೋರಿಕೆ ಇಲ್ಲ ಅನ್ನುವ ಹಾಗೆ ಮಾತಾಡಬೇಡಿ. ಕುಂದಾಪುರದಿಂದ ಕಾರವಾರದವರೆಗೆ ಒಮ್ಮೆ ಬಸ್ಸಿನ ಕಿಟಕಿಯಲ್ಲಿ ನೋಡಿ. ತಾರಸಿ ಹಾಕಿದವರೆಲ್ಲ ಎರಡು ಮಳೆಗಾಲ ಕಳೆದ ಮೇಲೆ ಅದರ ಮೇಲೆ ತಗಡಿನ ಶೀಟಿನ ಮಾಡು ಎಬ್ಬಿಸಿದ್ದಾರೆ. ಎರಡು ಮಾಡಿನ ಖರ್ಚು!

ಪಕ್ಕದವರ ಗೋಡೆ ಕೂಡುವಲ್ಲಿ ಸುರಿಯುವ ನೀರಿಗೆ ನಿಮ್ಮ ಮಾಡಿನ ಅಂಚಿನುದ್ದಕ್ಕೂ ಅಗಲವಾದ ತಗಡಿನ ದಂಬೆ (ನೀರು ಹರಿದುಹೋಗುವ ದೋಣಿ) ಬೇಕು. ಅದರ ಒಂದು ಬದಿ ಅವರ ಗೋಡೆಯಲ್ಲಿ ತೋಡು ಕೊರೆದು ಒಳಗೆ ಹೋಗಬೇಕು. ಬರೀ ಸಿಮೆಂಟ್ ಮೆತ್ತಿದರೆ ಒಂದೇ ವರ್ಷ. ಅವರ ಒಪ್ಪಿಗೆ ಬೇಕಾಗುತ್ತದೆ, ಹಬ್ಬಕ್ಕೆ ಏನಾದರೂ ತೆಗೆದುಕೊಂಡು ಹೋಗಿ ಮಾತಾಡಿ.

ನಕ್ಷೆಗಾರ್ತಿ

ವಾಸ್ತುಶಿಲ್ಪಿ, ಬೆಂಗಳೂರು. ತವರು ಶಿರಸಿ. ಎಲ್ಲರೂ ಗೋಡೆ, ಮಾಡು ಅಂತಿದ್ದೀರಿ. ಯಾರೂ ಕೇಳದ ಒಂದು ಪ್ರಶ್ನೆ: ಹೊಸ ಕಟ್ಟಡಕ್ಕೆ ಪರವಾನಗಿ ಕೇಳಿದರೆ ನಿಮ್ಮ 16 ಅಡಿಯಲ್ಲಿ ಉಳಿಯುವುದೆಷ್ಟು?

ಹಳೆ ಪೇಟೆಯ ಅಂಗಡಿಗಳು ಬೀದಿಗೆ ಅಂಟಿಕೊಂಡು, ಅಕ್ಕಪಕ್ಕದವರೊಂದಿಗೆ ಗೋಡೆ ಹಂಚಿಕೊಂಡು ನಿಂತಿವೆ. ಅವು ನಿಂತಿರುವ ತನಕ ಆ ಜಾಗ ನಿಮ್ಮದೇ ಬಳಕೆಯಲ್ಲಿ. ಕೆಡವಿ ಹೊಸ ನಕ್ಷೆ ಕೊಟ್ಟ ದಿನದಿಂದ ಇಂದಿನ ನಿಯಮ ಅನ್ವಯ. ರಸ್ತೆಗೆ ಇಷ್ಟು ಬಿಡಿ, ಪಕ್ಕಕ್ಕೆ ಇಷ್ಟು ಬಿಡಿ, ಮೂರು ಮಹಡಿ ಅಂದರೆ ಪಾರ್ಕಿಂಗ್ ಎಲ್ಲಿ ಅಂತ ಕೇಳುತ್ತಾರೆ. ಲಿಫ್ಟ್, ಮೆಟ್ಟಿಲು ಬೇರೆ ಜಾಗ ತಿನ್ನುತ್ತವೆ. ಮೇಲಿನ ಮಹಡಿಯ ಬಾಡಿಗೆ ಲೆಕ್ಕ ಹಾಕುವ ಮೊದಲು ಪುರಸಭೆಗೆ ಹೋಗಿ ನಿಮ್ಮ ಬೀದಿಗೆ ಏನು ನಿಯಮ ಅಂತ ಲಿಖಿತವಾಗಿ ಕೇಳಿ. ರಸ್ತೆ ಅಗಲೀಕರಣದ ಗೆರೆ ನಿಮ್ಮ ಜಗಲಿಯ ಮೇಲೆ ಬಿದ್ದಿದೆಯಾ ಅಂತಲೂ ನೋಡಿ. ಬಿದ್ದಿದ್ದರೆ ಇಡೀ ಚರ್ಚೆಯೇ ಬೇರೆ.

ಸರ್ಕಾರ ಉಳಿಸುತ್ತದೆ ಅಂತ ಕಾಯಬೇಡಿ. ರಾಜ್ಯದ 1961ರ ಸ್ಮಾರಕಗಳ ಕಾನೂನು ಕೋಟೆ, ಗುಡಿಗಳಿಗೆ. ಕಿರಾಣಿ ಅಂಗಡಿಗೆ ಬರುವುದಿಲ್ಲ. ಮಣಿಪಾಲದ ಹೆರಿಟೇಜ್ ವಿಲೇಜಿನಲ್ಲಿ ವಿಜಯನಾಥ ಶೆಣೈಯವರು ಕೆಡವಲು ಹೊರಟ ಮನೆಗಳನ್ನು ಬಿಚ್ಚಿ ತಂದು ಮತ್ತೆ ನಿಲ್ಲಿಸಿದ್ದಾರೆ, ಅಲ್ಲಿ ಹಳೆ ಅಂಗಡಿಗಳ ಬೀದಿಯೂ ಇದೆ. ಹೋಗಿ ನೋಡಿ, ಮೈ ಜುಂ ಅನ್ನುತ್ತದೆ. ಆದರೆ ನಿಮ್ಮ ದರ್ಜಿಗೆ ಅಲ್ಲಿ ಗಿರಾಕಿ ಸಿಗುವುದಿಲ್ಲ, ಅಲ್ವಾ?

ನಾನಾಗಿದ್ದರೆ ಹೀಗೆ ಮಾಡುತ್ತಿದ್ದೆ: ಮುಂದಿನ ಅಂಗಡಿ, ಅಟ್ಟ, ವಖಾರಿ, ಕಾವಿ ಗೋಡೆ ಇರುವ ಅಂಗಳ, ಇಷ್ಟನ್ನು ಸುಣ್ಣದಲ್ಲಿ ಸರಿ ಮಾಡಿ ಉಳಿಸಿಕೊಳ್ಳುವುದು. ಬಾವಿಯ ಹಿಂದೆ ಉಳಿದ ಉದ್ದದಲ್ಲಿ ಬೇಕಾದರೆ ಹೊಸದು ಕಟ್ಟುವುದು, ಶೌಚಾಲಯ ಎಲ್ಲ ಅಲ್ಲಿಗೆ. ಅಡುಗೆಕೋಣೆ ಹೋಗುತ್ತದೆ, ಅದರ ಬಾಸೆಲ್ ಹಂಚನ್ನು ಮುಂದಿನ ಮಾಡಿಗೆ ತನ್ನಿ. ವಖಾರಿಗೆ ನಾಲ್ಕಾರು ಗಾಜಿನ ಹಂಚು ಹಾಕಿಸಿದರೆ ಹಗಲು ದೀಪ ಬೇಡ. ಮೊಬೈಲ್ ಶೋರೂಮಿನವರು ಬರದಿದ್ದರೆ ಬೇಡ, ಆ ತಂಪು ಕೋಣೆ ಬೇಕಾದವರು ಬೇರೆ ಇದ್ದಾರೆ. ಔಷಧಿ ಸಗಟು ವ್ಯಾಪಾರಿ, ಕೊರಿಯರ್‌ನವರು, ಬೆಲ್ಲ ಜೇನು ಮಾರುವವರು. ಮತ್ತೆ ದಯವಿಟ್ಟು ಕೆಫೆ ಮಾಡಿ ಗೋಡೆಗೆ ಲಾಂದ್ರ ನೇತುಹಾಕಬೇಡಿ.

ಕುಂದಾಪುರದ ಗಲ್ಲಾಪೆಟ್ಟಿಗೆ

ಜಾಗ ಬಿಡುವ ಮಾತು ಅಕ್ಕ ಹೇಳಿದ್ದು ಸರಿ. ನಮ್ಮಲ್ಲಿ ಮುಂದೆ ಬಿಟ್ಟದ್ದು ಹೋಗಿ ಒಳಗೆ ಮೊದಲಿಗಿಂತ ಸಣ್ಣ ಅಂಗಡಿಯೇ ಉಳಿಯಿತು. ಬಿಟ್ಟ ಜಾಗದಲ್ಲಿ ಈಗ ಯಾರ್ಯಾರದೋ ಬೈಕು ನಿಲ್ಲುತ್ತದೆ. ಇದನ್ನು ಮೊದಲೇ ಹೇಳಲಿಲ್ಲ, ಮನೆಯಲ್ಲಿ ಹೆಂಡತಿಯೂ ಇದನ್ನು ಓದುತ್ತಾಳೆ.

ಬಂದರುಬೀದಿ

ಪುರಸಭೆಗೆ ನಾನು ಹೋಗಲಿಲ್ಲ, ಚಿಕ್ಕಪ್ಪನ ಮಗನನ್ನೇ ಕಳಿಸಿದೆ. ನಾನು ಕೇಳಿ ಬಂದು ಹೇಳಿದರೆ ನಂಬುತ್ತಿರಲಿಲ್ಲ. ರಸ್ತೆಗೆ, ಪಕ್ಕಕ್ಕೆ ಬಿಡಬೇಕಾದ್ದನ್ನು ಅವನೇ ಹಾಳೆಯ ಮೇಲೆ ಗೀಟು ಹಾಕಿ ಕಳೆದು, ಮೆಟ್ಟಿಲು ಎಲ್ಲಿ ಇಡುವುದು ಅಂತ ನನ್ನನ್ನೇ ಕೇಳಿದ. ಎರಡು ಅಂಗಡಿ ಅಂತೂ ಬರುವುದಿಲ್ಲ, ಒಂದೇ ಅಂತ ಒಪ್ಪಿದ. ಕೆಡವುವ ಮಾತು ಬಿಟ್ಟಿಲ್ಲ, ಮುಂದಕ್ಕೆ ಹಾಕಿದ್ದಾನೆ. ಹಿಂದೆ ಬಾವಿಯ ಆಚೆ ಕಟ್ಟುವ ಯೋಚನೆ ಮಾತ್ರ ಅವನಿಗೆ ಹಿಡಿಸಿದೆ, ಅಳತೆ ಹಿಡಿಯಲು ಶುರು ಮಾಡಿದ್ದಾನೆ.

ಗರ್ಡರಿನ ಕೆಳಗೆ ಗುಳಿ ಸಿಕ್ಕಿತು ಮೇಸ್ತ್ರಿಯವರೇ. ಎರಡು ಬದಿಗೂ, ಚೌಕದ್ದು, ಸಿಮೆಂಟ್ ತುಂಬಿ ಮುಚ್ಚಿದ್ದಾರೆ.

ಈಗ ಬೇಕಾದದ್ದು ಜನ. ಕುಮಟಾ, ಹೊನ್ನಾವರ, ಅಂಕೋಲಾ ಕಡೆ ಸುಣ್ಣದ ಗಿಲಾವು ಗೊತ್ತಿರುವವರು, ತೊಲೆಯ ತುದಿ ಜೋಡಿಸುವ ಬಡಗಿ ಯಾರಾದರೂ ಇದ್ದರೆ ತಿಳಿಸಿ. ಕೆಲಸ ದೀಪಾವಳಿ ಆದ ಮೇಲೆ. ದರ್ಜಿಯವರಿಗೆ ಕೆಲಸ ನಡೆಯುವ ಎರಡು ತಿಂಗಳು ಅಂಗಳದಲ್ಲಿ ಮೆಷಿನ್ ಹಾಕಿಕೊಡುತ್ತೇವೆ.

ಹಳೇ ಮೇಸ್ತ್ರಿ

ಬಡಗಿ ಇದ್ದಾನೆ, ನನ್ನ ಹತ್ತಿರವೇ ಕೆಲಸ ಕಲಿತವನು. ಸುಣ್ಣಕ್ಕೆ ಜನ ಸಿಗದಿದ್ದರೆ ನಾನೇ ಬಂದು ಕುರ್ಚಿ ಹಾಕಿ ಕೂರುತ್ತೇನೆ, ಹುಡುಗರು ಮಾಡಲಿ. ಸುಣ್ಣವನ್ನು ಮಾತ್ರ ಗಣೇಶ ಚೌತಿ ಹೊತ್ತಿಗೇ ತಂದು ಬಾವಿಯ ಬದಿ ತೊಟ್ಟಿಯಲ್ಲಿ ಕೊಳೆಹಾಕಿ. ಮಕ್ಕಳು ಹತ್ತಿರ ಹೋಗದ ಹಾಗೆ ಮುಚ್ಚಿಡಿ, ಮೈ ಸುಡುತ್ತದೆ. ಹಲಗೆ ಬಾಗಿಲು ಬಿಚ್ಚುವಾಗ ಗೀರಿನ ಗುರುತು ಸರಿಯಾಗಿ ಕಾಣದಿದ್ದರೆ ಸೀಮೆಸುಣ್ಣದಿಂದ ನಂಬರ್ ಹಾಕಿಕೊಳ್ಳಿ.